ಹೆಣದ ಮೂಗಿನ ಮೇಲಿನ ಬೆಳಕು

ಮಾರ್ಚ್ ೯, ಸೋಮವಾರ. ಕೇಸೋನ್ ಸಿಟಿ.

ಛಾಯಾಗ್ರಾಹಕ ಕುಲತಿಲಕ, ತೆರೆಯ ಮೇಲೆ ಹನ್ನೊಂದು ಸಲ ಸತ್ತು ಹನ್ನೊಂದು ಸಲವೂ ಊಟದ ಹೊತ್ತಿಗೆ ಸರಿಯಾಗಿ ಎದ್ದ ಮಹಾನಟ, ಶ್ರೀಮನ್ಮಹಾರಾಜ ಕುಯಾ ತೆರೋಯ್ ಅವರ ಸನ್ನಿಧಾನಕ್ಕೆ ಕ್ಯಾಮೆರಾ ಸಹಾಯಕಿ ಇಸ್ಕಾ ಮಾಡುವ ಬಿನ್ನಹ:

ಈ ಸಲ ತಾವು ಏಳಲಿಲ್ಲ.

ಹೆಣದ ಪಾತ್ರ ಎಂದರೆ ನಿರ್ದೇಶಕರಿಗೆಲ್ಲ ನಿಮ್ಮದೇ ನೆನಪು. ಬೆಳಕು ಜೋಡಿಸಿ, ಕ್ಯಾಮೆರಾ ನನ್ನ ಕೈಗೆ ಕೊಟ್ಟು, ಹೋಗಿ ಶವಪೆಟ್ಟಿಗೆಯಲ್ಲಿ ಮಲಗುತ್ತಿದ್ದಿರಿ. ಕಣ್ಣು ಮುಚ್ಚಿಕೊಂಡೇ, ತುಟಿ ಅಲ್ಲಾಡಿಸದೆ ಬೈಯುತ್ತಿದ್ದಿರಿ: “ಏ ಇಸ್ಕಾ, ಆ ಲೈಟು ಇಳಿಸೇ. ಹೆಣದ ಮೂಗು ಹೊಳೀತಿದೆ.”

ಇವತ್ತು ನಿಜವಾದ ಪೆಟ್ಟಿಗೆ. ಮೇಲೆ ಹಾಳು ಟ್ಯೂಬ್‌ಲೈಟು. ಮೂಗು ಹೊಳೆಯುತ್ತಲೇ ಇತ್ತು. ನಾನು ಬಗ್ಗಿ ಕಿವಿಗೊಟ್ಟು ನಿಂತೆ. ನಿಮ್ಮ ಹೆಂಡತಿ ಲುಮಿಂಗ್ ಬಂದು ಭುಜ ಹಿಡಿದರು.

“ಏನೇ ಕೇಳಿಸ್ಕೊಳ್ತಿದೀಯ?”

“ಬೈತಾರೇನೋ ಅಂತ, ಅಕ್ಕಾ.”

“ಬೈದ್ರೆ ನನ್ನೂ ಕರಿಯೇ. ನನ್ನ ಪಾಲಿಂದೂ ಬಾಕಿ ಇದೆ” ಎಂದು ನಕ್ಕವರು, ಆ ನಗುವನ್ನು ಮುಗಿಸಲಾಗದೆ ಹೋದರು.

ಹೊರಡುವಾಗ ನಮ್ಮ ತಂಡವೆಲ್ಲ ಗಂಜಿ ಅಂಗಡಿಗೆ ತಿರುಗಿತು. ಸಾವಿನ ಮನೆಯಿಂದ ಎಲ್ಲೂ ನಿಲ್ಲದೆ ಮನೆಗೆ ಹೋದರೆ ಸತ್ತವರು ಬೆನ್ನು ಹತ್ತಿ ಬರುತ್ತಾರಲ್ಲ, ಅದಕ್ಕೆ. “ನೀನೂ ಬಾರೇ, ಇಲ್ದಿದ್ರೆ ಮುದುಕ ನಿನ್ ಹಿಂದೇನೇ ಬರ್ತಾನೆ” ಎಂದು ಲೈಟಿನ ಬೆರ್ತಿಂಗ್ ಕೂಗಿದ. ಹೊಟ್ಟೆ ಸರಿಯಿಲ್ಲ ಎಂದೆ.

ಸುಳ್ಳು. ಎಲ್ಲೂ ನಿಲ್ಲದೆ ನೇರ ಮನೆಗೆ ಬಂದಿದ್ದೇನೆ. ಬಾಗಿಲು ಹಾಕಿಲ್ಲ. ದೀಪವನ್ನೂ ಬೇಕೆಂದೇ ಕೆಟ್ಟದಾಗಿ ಇಟ್ಟಿದ್ದೇನೆ.