ನಮ್ಮ ಒರತೆಯ ನೀರು

ಗಾನವಿ ಅಕ್ಕನವರಿಗೆ ನಮಸ್ಕಾರ.

ನಾನು ಐದನೇ ಕ್ಲಾಸಿನವರೆಗೆ ಮಾತ್ರ ಓದಿದವಳು. ಅಕ್ಷರ ಸೊಟ್ಟಗಿದ್ದರೆ, ತಪ್ಪಿದ್ದರೆ ಕ್ಷಮಿಸಿ. ನೀವು ತೆಗೆದ ಭದ್ರಾ ಹೊಳೆಯ ವಿಡಿಯೊ ಚಿತ್ರವನ್ನು ಭಾನುವಾರ ಶಾಲೆಯ ಗೋಡೆಯ ಮೇಲೆ ತೋರಿಸಿದಿರಲ್ಲ, ಆಗ ಎದುರಿಗೆ ನಿಂತು ಹೇಳಲು ನಾಚಿಕೆಯಾಯಿತು.

ಬೇಸಿಗೆಯಲ್ಲಿ ನಾವು ಹೊಳೆದಂಡೆಯ ಮರಳಿನಲ್ಲಿ ಒರತೆ ತೋಡಿ ಕುಡಿಯುವ ನೀರು ತರುತ್ತೇವೆ. ಮನೆಗೊಂದು ಗುಂಡಿ. ಬೆಳಿಗ್ಗೆ ಹಳೆ ನೀರು ಮೊಗೆದು ಚೆಲ್ಲಿದ ಮೇಲೆ ತಿಳಿನೀರು ಒಸರುತ್ತದೆ. ಆದರೆ ಈ ಬೇಸಿಗೆಯಲ್ಲಿ ನಾವು ಹೋಗುವ ಹೊತ್ತಿಗಾಗಲೇ ನಮ್ಮ ಒರತೆ ತಿಳಿಯಾಗಿರುತ್ತಿತ್ತು. ಅಮ್ಮ ಅದು ಭದ್ರೆಯ ಕೃಪೆ ಎಂದು ಹೂವಿಡುತ್ತಿದ್ದರು. ಪಕ್ಕದ ಮನೆಯ ಗಂಗಾಂಬಿಕೆಯವರಿಗೆ ಕೇಳಿಸುವಂತೆ, "ಭದ್ರೆಗೆ ಗೊತ್ತು, ಯಾರ ಮನಸ್ಸು ಎಂಥದ್ದು ಅಂತ" ಎನ್ನುತ್ತಿದ್ದರು. ಅವರ ದನ ನಮ್ಮ ಅಡಿಕೆ ಸಸಿ ತಿಂದಂದಿನಿಂದ ಇಬ್ಬರಿಗೂ ಮಾತಿರಲಿಲ್ಲ.

ನಿಮ್ಮ ಚಿತ್ರದಲ್ಲಿ, ನಸುಕಿನಲ್ಲಿ ಬಗ್ಗಿ ನಮ್ಮ ಒರತೆಯ ಹಳೆ ನೀರು ಮೊಗೆದು ಚೆಲ್ಲುತ್ತಿದ್ದವರು ಗಂಗಾಂಬಿಕೆಯವರೇ. ಅಮ್ಮನೂ ಅದನ್ನು ನೋಡಿದರು.

ಚಿತ್ರವನ್ನು ಇನ್ನೂ ಚಿಕ್ಕದು ಮಾಡುತ್ತೇವೆ ಎಂದಿರಿ. ದಯವಿಟ್ಟು ಆ ತುಂಡನ್ನು ತೆಗೆಯಬೇಡಿ. ನಿಮ್ಮ ಉಪಕಾರ ಮರೆಯುವುದಿಲ್ಲ.

ಇವತ್ತು ಬೆಳಿಗ್ಗೆ ಅಮ್ಮ ಕೊಡ ತುಂಬಿಸಿ, ನಾನು ಪಕ್ಕದಲ್ಲೇ ಇದ್ದರೂ, ಗಂಗಾಂಬಿಕೆಯವರ ಕಡೆ ತಿರುಗಿ, "ಎಂತ ನೋಡ್ತೀಯ ಮಾರಾಯ್ತಿ, ಒಂದು ಕೈ ಹಿಡಿ, ಹೊರಿಸು" ಎಂದರು.

"ಯಾಕೆ, ನಿನ್ನ ಭದ್ರೆ ಹೊರಿಸಲ್ವಾ?" ಎನ್ನುತ್ತಾ ಅವರು ಕೊಡ ಎತ್ತಿ ಅಮ್ಮನ ತಲೆಯ ಮೇಲಿಟ್ಟರು.

ನಿಮ್ಮ ಋಣದಲ್ಲಿರುವ,
ಶಿಲ್ಪಶ್ರೀ