ಬಂಗಾಳದ ಹುಡುಗಿ ಒಪ್ಪಿದಳೇನು?

ದಿಬ್ಬೂರಹಳ್ಳಿ
೧೨ ಫೆಬ್ರವರಿ ೧೯೬೩

ತೊಂಡೇಬಾವಿಯ ಸೊಸೆಯಾಗಿ ನಮ್ಮನ್ನು ಮರೆತೇಬಿಟ್ಟ ಅಕ್ಕ ಲಕ್ಷ್ಮೀನರಸಮ್ಮನಿಗೆ ತಂಗಿ ಅನಸೂಯಳ ನಮಸ್ಕಾರ.

ಬರುವ ಸೋಮವಾರ ನನ್ನ ವೀಳ್ಯಶಾಸ್ತ್ರಕ್ಕೆಂದು ಹೊಸ ಸೀರೆ ತೆಗೆದಿಟ್ಟಿರುತ್ತೀ. ಮತ್ತೆ ಪೆಟ್ಟಿಗೆಗೆ ಹಾಕು. ಶಾಸ್ತ್ರ ನಿಂತುಹೋಯಿತು. ನಿಲ್ಲಿಸಿದವರು ಬೇರೆ ಯಾರೂ ಅಲ್ಲ, ನನ್ನನ್ನು ಮದುವೆಯಾಗಬೇಕಿದ್ದ ಚಲಪತಿ ಮಾವನೇ.

ಕೈಗೆ ಬಂದ ತುತ್ತು ಬಾಯಿಗೆ ಬರಲಿಲ್ಲ ಅಂತ ಅಮ್ಮ ತನ್ನ ತಮ್ಮನಿಗೆ ಶಾಪ ಹಾಕುತ್ತಾ ಕೂತಿದ್ದಾಳೆ. ಅವರು ತಲೆ ತಗ್ಗಿಸಿ "ನಂಗೇ ಬೇಡ ಕಣಕ್ಕ" ಅಂದರು, ಅಷ್ಟೇ. ನೀನೂ ಅವರನ್ನು ಬೈದು ಕಾಗದ ಬರೆಯಬೇಡ. ಮೊದಲು ಸಿನಿಮಾದ ಸಂಗತಿ ಕೇಳು.

ಹೋದ ಗುರುವಾರ ಸಂಜೆ ಸರ್ಕಾರದ ವ್ಯಾನಿನವರು ಸ್ಕೂಲಿನ ಮುಂದೆ ಪರದೆ ಕಟ್ಟಿ ಬಂಗಾಳಿ ಸಿನಿಮಾ ತೋರಿಸಿದರು. ಒಂದು ಮಾತೂ ಯಾರಿಗೂ ತಿಳಿಯದು. ಹಳ್ಳಿಯ ಹುಡುಗಿಯೊಬ್ಬಳು ಕೊಳದ ಮೆಟ್ಟಿಲ ಮೇಲೆ ಕೂತು ನೀರಿನಲ್ಲಿ ಕಾಲಾಡಿಸುತ್ತಾಳೆ. ಒಳಗೆ ದೊಡ್ಡವರು ಅವಳ ಮದುವೆ ಮಾತಾಡುತ್ತಾರೆ. ಅಕ್ಕಾ, ಅಷ್ಟೊಂದು ನೀರು, ನೀರಿನಲ್ಲಿ ಮೋಡ, ಮೋಡದ ಜೊತೆ ಅವಳ ಮುಖ. ನಮ್ಮ ಕಡೆ ಅಂಥ ನೀರನ್ನು ಯಾರು ಕಂಡಿದ್ದಾರೆ? ನೋಡುತ್ತ ನೋಡುತ್ತ ನನ್ನ ಕಾಲೇ ತಣ್ಣಗಾದಂತಾಯಿತು. ಕಣ್ಣು ಬಿಟ್ಟುಕೊಂಡೇ ಕನಸು ಕಂಡೆ.

ಭಾಷೆ ಬಾರದ್ದರಿಂದ ಎಲ್ಲರೂ ತಮಗೆ ಬೇಕಾದ ಕಥೆ ಕಟ್ಟಿಕೊಂಡರು. ಹುಡುಗಿ ಒಪ್ಪಿ ಮನೆಯ ಮಾನ ಉಳಿಸಿದಳು ಅಂತ ಅಮ್ಮ ಕಣ್ಣೊರೆಸಿಕೊಂಡಳು. ಮಂಗಮ್ಮಜ್ಜಿ "ಲೇದೇ, ದಾನಿಕಿ ಇಷ್ಟಂ ಲೇದು" ಅಂತ ತೆಲುಗಿನಲ್ಲಿ, ಹುಡುಗಿಗೆ ಇಷ್ಟವೇ ಇಲ್ಲವೆಂದು ಜಗಳಕ್ಕೇ ನಿಂತಳು.

ಮರುದಿನ ಹಿತ್ತಲಲ್ಲಿ ಹಿಪ್ಪುನೇರಳೆ ಸೊಪ್ಪು ಕೊಚ್ಚುತ್ತಿದ್ದ ಮಾವ ತಲೆ ಎತ್ತದೆಯೇ ಕೇಳಿದರು: "ಕೊನೆಗೆ ಆ ಹುಡುಗಿ ಒಪ್ಪಿದ್ಲೇನಮ್ಮ?"

"ಇಲ್ಲ ಮಾವ, ಒಪ್ಪಲಿಲ್ಲ" ಅಂದೆ.

ಕತ್ತಿಯ ಸದ್ದು ನಿಂತಿತು. "ಹೋಗ್ಲಿ ಬಿಡು. ಅವಳ ಮೇಲೆ ಮಾತು ಬರಬಾರ್ದು, ಅಷ್ಟೇ" ಅಂದು ಮತ್ತೆ ಕೊಚ್ಚತೊಡಗಿದರು. ಸಂಜೆ ಅಮ್ಮನ ಹತ್ತಿರ ಹೋಗಿ ತನಗೇ ಬೇಡವೆಂದರು.

ಒಳ್ಳೆಯವರು ಅಕ್ಕ. ಹೆಗಲ ಮೇಲೆ ಹೊತ್ತು ಆಡಿಸಿದವರನ್ನು ಗಂಡನೆಂದು ನೋಡಲು ನನ್ನಿಂದ ಆಗಲಿಲ್ಲ. ಈಗ ಮನಸ್ಸು ಹಗುರಾಗಿದೆ, ಅವರನ್ನು ನೋಡಿದರೆ ಅಳುವೂ ಬರುತ್ತದೆ. ಸೋಮವಾರ ನೀನು ಬಾ, ಅಮ್ಮನಿಗೆ ಸಮಾಧಾನ ಹೇಳು.

ಇಂತಿ, ನಿನ್ನ ಬೈಗುಳಕ್ಕೆ ಕಾದಿರುವ,
ಅನಸೂಯ

ಇದೊಂದು ಯಾರಿಗೂ ಹೇಳಬೇಡ: ಆ ಸಿನಿಮಾದ ಕೊನೆ ನಾನು ನೋಡಲೇ ಇಲ್ಲ. ಅಷ್ಟರಲ್ಲಿ ಎದ್ದು ಬಂದು ರೇಷ್ಮೆ ಹುಳುಗಳಿಗೆ ಸೊಪ್ಪು ಹಾಕುತ್ತಿದ್ದೆ. ಸೊಪ್ಪಿನ ಬುಟ್ಟಿ ಹಿಡಿದು ನನ್ನ ಎದುರಿಗೆ ನಿಂತಿದ್ದವರು ಮಾವನೇ.