ಇನ್ನೂರು ಉದ್ಯಮಿಗಳು

ಮಾರ್ಚ್ 26, ಬುಧವಾರ. ಸಂಜೆ 5

ಸ್ನಾನ ಆಯಿತು. ಚಪ್ಪಲಿ ಗಲ್ಲಿಗೆ ಹೋಗಿಬಂದ ದಿನ ಸ್ನಾನ ಮಾಡದೆ ಅಜ್ಜಿ ಒಳಗೆ ಬಿಡುವುದಿಲ್ಲ. ಜೈನರ ಮನೆ ಹುಡುಗಿಗೆ ಚರ್ಮದವರ ನಡುವೆಯೇ ಕೆಲಸ ಸಿಗಬೇಕಿತ್ತೇ ಅಂತ ಅವಳ ರಾಗ. ಸಿಕ್ಕಿದ್ದು ಇದೇ, ಸರ್ಕಾರದ ಯೋಜನೆಯೊಂದರಲ್ಲಿ. ಕಾಂಟ್ರ್ಯಾಕ್ಟ್. ಪ್ರತಿ ಸೆಪ್ಟೆಂಬರ್ ಕೊನೆಗೆ ರಿನ್ಯೂ ಆಗಬೇಕು.

ಇವತ್ತು ಮಾತ್ರ ಭರ್ಜರಿ. ಟಾರ್ಗೆಟ್ ಇನ್ನೂರು— ಚಪ್ಪಲಿ ಮಾಡುವ ಇನ್ನೂರು ಹೆಂಗಸರನ್ನು ಈ ತಿಂಗಳೊಳಗೆ ‘ಉದ್ಯಮಿ’ ಅಂತ ರಿಜಿಸ್ಟರ್ ಮಾಡಿಸಬೇಕು, ಜಿಎಸ್‌ಟಿ ನಂಬರ್ ಸಮೇತ. ನಲವತ್ತೊಂದು ಬಾಕಿ ಇತ್ತು. ಅಥಣಿಯ ಈ ಗಲ್ಲಿಯಲ್ಲಿ ನನ್ನ ಮಾತು ಯಾರು ಕೇಳುತ್ತಾರೆ? ದ್ರೌಪದಿಬಾಯಿ ಮಾತು ಕೇಳುತ್ತಾರೆ. ಚಪ್ಪಲಿಯ ಮೇಲಿನ ಚರ್ಮದ ಜಡೆ ಹೆಣೆಯುವುದರಲ್ಲಿ ಅವಳನ್ನು ಮೀರಿಸುವವರಿಲ್ಲ. ಅಂಗಳದಲ್ಲಿ ನಿಂತು ಕೂಗಿದಳು— “ಮ್ಯಾಡಮ್ಮಾರ ಬಂದಾರ, ಆಧಾರ, ಮೊಬೈಲ ತಗೊಂಡ ಬರ್ರಿ ಬೇ!”

ಬಂದರು. ಓಟಿಪಿ ಕೂಗಿದ್ದೇ ಕೂಗಿದ್ದು, ಕಾಯಿಪಲ್ಲೆ ಹರಾಜಿನ ಹಾಗೆ. ಮೂರು ತಾಸಿಗೆ ಮೂವತ್ತೆಂಟು!

ಕೊನೆಗೆ ದ್ರೌಪದಿಬಾಯಿ ಕೇಳಿದಳು, “ಇದರಿಂದ ರೇಷನ್ ಕಾರ್ಡಿಗೆ ಏನರ ಆಗ್ತೈತೇನ್ರಿ?”

“ಅದಕ್ಕೂ ಇದಕ್ಕೂ ಸಂಬಂಧ ಇಲ್ರಿ ಬಾಯಿ.”

“ಹಂಗಾರ ಆತು. ಚಾ ಇಡ್ತೀನಿ, ಕುಡದ ಹೋಗ್ರಿ.”

“ಬ್ಯಾಡ್ರಿ, ಈಗರ ಆತು.” ಎರಡು ವರ್ಷದಿಂದ ಅವಳು ಪ್ರತಿ ಸಲ ಕೇಳುತ್ತಾಳೆ. ನಾನು ಪ್ರತಿ ಸಲ ಹೀಗೇ ಅನ್ನುತ್ತೇನೆ.

ಮಾರ್ಚ್ 31

ಇನ್ನೂರು. ನಮ್ಮ ಮೇಲಧಿಕಾರಿ ಧರಣೇಂದ್ರ ಸರ್ ಆಫೀಸ್ ಗ್ರೂಪಿನಲ್ಲಿ ಚಪ್ಪಾಳೆ ಹಾಕಿದ್ದಾರೆ, ಒಂಬತ್ತು. ಜಿಲ್ಲೆಗೇ ಮೊದಲು ನಾನು.

ಮೇ 14. ನಿಪ್ಪಾಣಿಯಿಂದ ವಾಪಸ್, ಬಸ್ಸಿನಲ್ಲಿ

ಸಮಾರಂಭ ಚೆನ್ನಾಗಿಯೇ ಆಯಿತು. ನನಗೆ ಶಾಲು, ಫಲಕ. ದೊಡ್ಡ ಭಾಷಣ— ದೇಶ ಮುಂದೆ ಹೋಗುತ್ತಿದೆ, ಲೆಕ್ಕಕ್ಕೇ ಸಿಗದಿದ್ದ ಕೈಗಳು ಇವತ್ತು ಲೆಕ್ಕಕ್ಕೆ ಬಂದಿವೆ, ಸುಧಾರಣೆ ಅಂದರೆ ಇದು, ಇತ್ಯಾದಿ. ದ್ರೌಪದಿಬಾಯಿಯನ್ನು ಸ್ಟೇಜಿಗೆ ಕರೆದು ‘ಯಶಸ್ವಿ ಉದ್ಯಮಿ’ ಅಂತ ಬ್ಯಾಡ್ಜ್ ಹಚ್ಚಿದರು. ಅವಳಿಗೆ ಕೈ ಎಲ್ಲಿಡಬೇಕೋ ತಿಳಿಯದೆ ಸೆರಗಿನೊಳಗೆ ಇಟ್ಟುಕೊಂಡಳು.

ಈಗ ಪಕ್ಕದ ಸೀಟಿನಲ್ಲಿದ್ದಾಳೆ. ಬ್ಯಾಡ್ಜ್ ಬಿಚ್ಚಿ ನನ್ನ ಕೈಗೆ ಕೊಡಲು ಬಂದಳು. “ಇದನ್ನ ತಿರಗಿ ಕೊಡಬೇಕೇನ್ರಿ?”

ನಿಮ್ಮದೇ ಅಂದೆ. ನಕ್ಕಳು. ಮೊದಲಿನ ವ್ಯಾಪಾರಿಗೇ ಹೆಣೆದುಕೊಡುತ್ತಾಳೆ, ಮೊದಲಿನ ರೇಟಿಗೇ. ಅದನ್ನು ಅಲ್ಲಿ ಯಾರೂ ಕೇಳಲಿಲ್ಲ. ನಾನೂ ಹೇಳಲಿಲ್ಲ.

ಆಗಸ್ಟ್ 12. ಮಧ್ಯಾಹ್ನ

ಮೂರು ತಿಂಗಳಾಯಿತು ಇದನ್ನು ಮುಟ್ಟದೆ. ಇವತ್ತು ಬರೆಯದಿದ್ದರೆ ತಲೆ ಸಿಡಿಯುತ್ತದೆ.

ದ್ರೌಪದಿಬಾಯಿ ಫೋನು. ರೇಷನ್ ಅಂಗಡಿಯಲ್ಲಿ ಬಿಪಿಎಲ್ ಕಾರ್ಡ್ ರದ್ದಾಗಿದೆ ಅಂದರಂತೆ. “ನಾ ದೊಡ್ಡ ವ್ಯಾಪಾರಸ್ತಳಂತ್ರಿ! ಜಿಎಸ್‌ಟಿ ಐತಂತ!” ಅಂತ ನಗುತ್ತಿದ್ದಳು. ನಗು ಮುಗಿದ ಮೇಲೆ ಹೇಳಿದಳು— ಗಂಡ ನಾಮದೇವನ ಹೃದಯದ ವಾಲ್ವ್ ಕೆಟ್ಟಿದೆ. ಮುಂದಿನ ತಿಂಗಳು ಹತ್ತೊಂಬತ್ತಕ್ಕೆ ಆಪರೇಷನ್. ಬಿಪಿಎಲ್ ಇದ್ದರೆ ಪೂರ್ತಿ ಫ್ರೀ. ಇಲ್ಲದಿದ್ದರೆ ದೊಡ್ಡ ಪಾಲು ಇವರೇ ಕಟ್ಟಬೇಕು, ಅದು ಆಗದ ಮಾತು.

“ಯಾವನೋ ಕಂಪ್ಯೂಟರ್‌ನ್ಯಾಗ ತಪ್ಪ ಹಾಕ್ಯಾನ್ರಿ. ನೀವು ಓದಿದವರು, ಒಂದೀಟ ಬರ್ರಿ ನನ್ನ ಜೋಡಿ.”

ಬರ್ತೀನಿ ಅಂದೆ. ಇನ್ನೇನು ಅನ್ನಲಿ?

ಆಗಸ್ಟ್ 13. ಬೆಳಿಗ್ಗೆ

ಗೊತ್ತಿತ್ತು.

ಬರೆದೇ ಬಿಡುತ್ತೇನೆ, ಯಾರು ಓದುತ್ತಾರೆ. ನನಗೆ ಗೊತ್ತಿತ್ತು. ಟ್ರೇನಿಂಗಿನಲ್ಲಿ ಕೊಟ್ಟ ಪುಸ್ತಕ, ಹದಿನಾಲ್ಕನೆಯ ಪುಟ, ಕೆಳಗೆ ಸಣ್ಣ ಅಕ್ಷರ— ಜಿಎಸ್‌ಟಿ ನೋಂದಣಿ ಇರುವವರ ಬಿಪಿಎಲ್ ಕಾರ್ಡ್ ಪರಿಶೀಲನೆಗೆ ಒಳಪಡಬಹುದು. ಫೆಬ್ರುವರಿಯಲ್ಲೇ ಓದಿ ಪೆನ್ಸಿಲ್ ಗೆರೆ ಎಳೆದಿದ್ದೆ. ಗೆರೆ ಇನ್ನೂ ಇದೆ. ‘ಪಡಬಹುದು’ ತಾನೇ, ಪಡುತ್ತದೆ ಅಂತ ಇಲ್ಲವಲ್ಲ ಅಂದುಕೊಂಡೆ. ಸರ್ ಹತ್ತಿರ ಕೇಳಿದ್ದರೆ ಟಾರ್ಗೆಟ್ ಆಗುತ್ತಿರಲಿಲ್ಲ. ಅದಕ್ಕೇ ಕೇಳಲಿಲ್ಲ.

ಥೂ ನನ್ನ.

ಆಗಸ್ಟ್ 21

ಆಹಾರ ಇಲಾಖೆಯ ಕಚೇರಿಗೆ ಹೋದೆವು. ದ್ರೌಪದಿಬಾಯಿ ಇಸ್ತ್ರಿ ಸೀರೆ ಉಟ್ಟು, ಆ ಬ್ಯಾಡ್ಜನ್ನೂ ಹಚ್ಚಿಕೊಂಡು ಬಂದಿದ್ದಳು. ಸರ್ಕಾರದವರು ಕೊಟ್ಟಿದ್ದು, ತೋರಿಸಿದರೆ ಕೆಲಸ ಆದೀತು ಅಂತ. ಬಿಚ್ಚಿರಿ ಅನ್ನಲು ಬಾಯಿ ಬರಲಿಲ್ಲ.

ಕ್ಲರ್ಕ್ ವಿರುಪಾಕ್ಷಪ್ಪ ಮಾನಿಟರ್ ಈ ಕಡೆ ತಿರುಗಿಸಿದ. “ನೋಡ್ರಿ, ಮಾರ್ಚ್ ಇಪ್ಪತ್ತಾರಕ್ಕ ಜಿಎಸ್‌ಟಿ ತಗೊಂಡೀರಿ. ಕಂಪ್ಯೂಟರ್ ತಪ್ಪ ಅಲ್ಲ. ಯಾರ ಮಾಡಿಕೊಟ್ರು?”

“ನನಗೇನ ತಿಳೀತೈತ್ರಿ. ನಮ್ಮ ಮ್ಯಾಡಮ್ಮಾರ್ನ ಕೇಳ್ರಿ, ಅವರಿಗೆ ಎಲ್ಲಾ ಗೊತ್ತೈತಿ.”

ಅವನು ನನ್ನನ್ನು ನೋಡಿದ. ನಾನು ಗೋಡೆಯ ಕ್ಯಾಲೆಂಡರ್ ನೋಡಿದೆ.

ದಾರಿ ಇದೆ ಅಂದ ಅವನೇ. ನೋಂದಣಿ ಮಾಡಿಸಿದವರು ‘ಇವರಿಗೆ ತಿಳಿಸದೆ ಮಾಡಿಸಿದ್ದು, ಇವರಿಗೆ ವ್ಯಾಪಾರ ಇಲ್ಲ’ ಅಂತ ಸಹಿ ಮಾಡಿ ಬರೆದುಕೊಟ್ಟರೆ ವಾರದಲ್ಲಿ ಮರುಪರಿಶೀಲನೆ. “ಆದ್ರ ಯಾರ ಬರದ ಕೊಡ್ತಾರ್ರಿ? ನೌಕರಿ ಹೋಗ್ತೈತಿ.”

ಬಸ್‌ಸ್ಟ್ಯಾಂಡಿನಲ್ಲಿ ನನಗೆ ಬಾಳೆಹಣ್ಣು ಕೊಡಿಸಿದಳು. ಸಿಪ್ಪೆ ಇರುವುದರಿಂದ ನಾನು ತಿನ್ನುತ್ತೇನೆ ಅಂತ ಅವಳಿಗೆ ಗೊತ್ತು. ತಿಂದೆ.

ಸೆಪ್ಟೆಂಬರ್ 8. ಸಂಜೆ, ಅಜ್ಜಿಯ ಊಟದ ಹೊತ್ತು

ಹದಿನೆಂಟು ದಿನ ಏನು ಮಾಡಿದೆ? ಪರ್ವದ ಉಪವಾಸ ಮಾಡಿದೆ, ಬಸದಿಗೆ ಹೋದೆ. ರಿನ್ಯೂವಲ್ ಫಾರ್ಮ್ ತುಂಬಿದೆ. ದ್ರೌಪದಿಬಾಯಿ ಫೋನು ನಾಲ್ಕು ಸಲ ಬಂತು, ಎರಡು ಸಲ ಎತ್ತಿದೆ. ಎರಡೂ ಸಲ “ನೋಡಾಕತ್ತೀನ್ರಿ” ಅಂದೆ.

ಇವತ್ತು ಕ್ಷಮಾವಾಣಿ. ವರ್ಷದಲ್ಲಿ ಮಾಡಿದ ತಪ್ಪಿಗೆಲ್ಲ ಎಲ್ಲರ ಹತ್ತಿರ ಕ್ಷಮೆ ಕೇಳುವ ದಿನ. ಪ್ರತಿ ವರ್ಷದ ಹಾಗೆ ಫೋನಿನಲ್ಲಿದ್ದವರಿಗೆಲ್ಲ ಒಂದೇ ಮೆಸೇಜ್— ‘ಉತ್ತಮ ಕ್ಷಮಾ. ಅರಿತೋ ಅರಿಯದೆಯೋ ನಿಮ್ಮ ಮನಸ್ಸು ನೋಯಿಸಿದ್ದರೆ ಕ್ಷಮಿಸಿ.’ ಜೊತೆಗೆ ಕಮಲದ ಚಿತ್ರ. ಯಾರು ಯಾರಿಗೆ ಹೋಯಿತು ನೋಡಲೇ ಇಲ್ಲ.

ಹತ್ತು ನಿಮಿಷಕ್ಕೆ ವಾಯ್ಸ್ ಮೆಸೇಜ್. ದ್ರೌಪದಿಬಾಯಿ. ಹಿಂದೆ ನಾಮದೇವನ ಕೆಮ್ಮು. “ಮಗಳು ಸಪನಾ ಓದಿ ಹೇಳಿದ್ಳರಿ. ನೀವ್ಯಾಕ್ರಿ ಕ್ಷಮಾ ಕೇಳ್ತೀರಿ? ನೀವೇನ ಮಾಡೀರಿ? ನಮ್ಮ ಸಲುವಾಗಿ ಅಡ್ಡಾಡಾಕತ್ತೀರಿ, ದೇವ್ರ ನಿಮಗ ಚಲೋ ಮಾಡ್ಲಿ.”

ಮೂರು ಸಲ ಕೇಳಿದೆ. ಅಳು ಬಂತು. ಅಜ್ಜಿ ನೋಡಿದಳು. ಎಲ್ಲ ಹೇಳಿಬಿಟ್ಟೆ, ಪೆನ್ಸಿಲ್ ಗೆರೆಯನ್ನೂ.

ಚರ್ಮ ಅಂದರೆ ಮೂಗು ಮುರಿಯುವ ನಮ್ಮ ಅಜ್ಜಿ ಕಮಲಾಬಾಯಿ ಅಂದದ್ದು— “ಕ್ಷಮಾ ಮೊಬೈಲ್‌ನ್ಯಾಗ ದೂಡೂದಲ್ಲ ಬೇ. ಮಾರಿ ಮುಂದ ಕುಂತ ಕೇಳೂದು. ನಾಳೆ ಹೋಗು. ಚಾ ಕೊಟ್ರ ಕುಡದ ಬಾ.”

ಈ ಡೈರಿ ತಿರುವಿದೆ. ನನ್ನ ಅಮ್ಮನ ವಯಸ್ಸಿನವರನ್ನು ಎಲ್ಲ ಕಡೆ ‘ಅವಳು’ ಅಂತಲೇ ಬರೆದಿದ್ದೇನೆ.

ಸೆಪ್ಟೆಂಬರ್ 9. ಮಧ್ಯಾಹ್ನ 1

ಹೋಗಿದ್ದೆ.

ನಾಮದೇವ ಮಂಚದ ಮೇಲೆ, ಎರಡು ದಿಂಬಿಗೆ ಒರಗಿ. ದ್ರೌಪದಿಬಾಯಿ ಹೊಸ್ತಿಲ ಹತ್ತಿರ ಜಡೆ ಹೆಣೆಯುತ್ತಿದ್ದರು. ನೆಲಕ್ಕೆ ಕುಳಿತು ಹೇಳಿದೆ. ನಾನೇ ಮಾಡಿದ್ದು, ಗೊತ್ತಿದ್ದೇ ಮಾಡಿದ್ದು. ನೀವು ಕೇಳಿದಾಗ ಸುಳ್ಳು ಹೇಳಿದೆ. ಕಾಲು ಮುಟ್ಟಲು ಹೋದೆ, ಕಾಲು ಹಿಂದಕ್ಕೆ ತೆಗೆದುಕೊಂಡರು.

ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು.

ಹೆಣೆಯುವ ಕೈ ನಿಲ್ಲಿಸದೆ ಕೇಳಿದರು, “ಈ ಗಲ್ಲಿಯೊಳಗ ಎಷ್ಟ ಮಂದೀದು ಮಾಡೀರಿ?”

“ಮೂವತ್ತೆಂಟ್ರಿ.”

“ಹದಿನೇಳ ಕಾರ್ಡ ಹೋಗ್ಯಾವ. ದ್ರೌಪದಿ ಕರದ್ಳು, ಅದಕ್ಕ ಹೋದ್ವಿ ಅಂತಾರ. ನೀರಿನ ಪಾಳಿಗೆ ಹೋದ್ರ ನನ್ನ ಜೋಡಿ ಯಾರೂ ಮಾತಾಡೂದಿಲ್ಲ. ಮ್ಯಾಡಮ್ಮಾರದು ತಪ್ಪಿಲ್ಲ ಬೇ ಅಂತ ನಾನ ನಿಮ್ಮ ಪರವಾಗಿ ಜಗಳಾಡೀನಿ.”

ನಾನು ಮತ್ತೆ ಕ್ಷಮಿಸಿ ಅಂದೆ.

“ನನ್ನ ಮುಂದ ಯಾಕ ಅಂತೀರಿ. ಅಲ್ಲಿ ಬರದ ಕೊಡ್ರಿ. ನನ್ನೊಬ್ಬಾಕಿದಲ್ಲ, ಎಲ್ಲಾರದೂ.”

ಕೂತೇ ಇದ್ದೆ. ಒಳಗೆ ಒಲೆಯ ಮೇಲೆ ಚಹಾ ಕುದಿಯುವ ವಾಸನೆ. ಇವತ್ತು ಕೊಟ್ಟರೆ ಕುಡಿಯುತ್ತೇನೆ, ಬಟ್ಟಲು ತೊಳೆದೇ ಇಡುತ್ತೇನೆ ಅಂತ ಕೂತಿದ್ದೆ. ಸಪನಾ ಎರಡು ಕಪ್ ತಂದಳು. ಒಂದು ಅಪ್ಪನಿಗೆ, ಒಂದು ಅಮ್ಮನಿಗೆ.

ಎರಡು ವರ್ಷದಲ್ಲಿ ಮೊದಲ ಸಲ ಅವರು ಚಹಾ ಕೇಳಲಿಲ್ಲ.

ಸೆಪ್ಟೆಂಬರ್ 10. ಬೆಳಿಗ್ಗೆ 7

ಕಚೇರಿ ತೆರೆಯುವುದು ಹತ್ತಕ್ಕೆ. ನಾಮದೇವನ ಆಪರೇಷನ್‌ಗೆ ಉಳಿದದ್ದು ಒಂಬತ್ತು ದಿನ. ಮೊದಲು ಇಲ್ಲಿ ಬರೆದು ನೋಡುತ್ತೇನೆ, ಆಮೇಲೆ ಚಂದ ಕಾಪಿ.

‘ಮಾನ್ಯರೇ, ಅಥಣಿಯ ಚಪ್ಪಲಿ ಗಲ್ಲಿಯ ಮೂವತ್ತೆಂಟು ಮಹಿಳೆಯರನ್ನು ಮಾರ್ಚ್ 26ರಂದು ಉದ್ಯಮಿಗಳೆಂದು ನೋಂದಾಯಿಸಿದವಳು ನಾನು. ಅವರು ಕೂಲಿಗೆ ಹೆಣೆಯುವವರು. ಅವರಿಗೆ ವ್ಯಾಪಾರವಿಲ್ಲ. ಇದರಿಂದ ಕಾರ್ಡ್ ಹೋಗಬಹುದೆಂದು ಅವರಿಗೆ ತಿಳಿದಿರಲಿಲ್ಲ. ನನಗೆ ತಿಳಿದಿರಲಿಲ್ಲ’

ಅಲ್ಲ. ಹೊಡೆದು ಹಾಕಿದೆ.

‘ನನಗೆ ತಿಳಿದಿತ್ತು.’